ಪಂಪಾಕ್ಷೇತ್ರವನ್ನು ಓದುವ ಬಗೆ: ಹಂಪೆಯ ಕುರಿತ ಮೂರು ಗ್ರಂಥಗಳು

ಪವಿತ್ರ ನಗರವೆಂದೊಡನೆ ದೈವಶಾಸ್ತ್ರದ ವಿದ್ಯಾರ್ಥಿಯ ಮನಸ್ಸು ಜೆರುಸಲೇಮಿನತ್ತ ಹೊರಳುವುದು ಸಹಜ. ಆ ನಗರದ ದ್ವಾರಗಳ ಹೆಸರುಗಳನ್ನು ಕಂಠಪಾಠವಾಗಿ ಹೇಳಬಲ್ಲ ನಮ್ಮ ಗುರು ಅಭ್ಯರ್ಥಿಗಳು, ಗೊರಗುಂಟೆಪಾಳ್ಯದಲ್ಲಿ ರಾತ್ರಿ ಬಸ್ಸು ಹತ್ತಿದರೆ ಬೆಳಗಿನ ವೇಳೆಗೆ ಸೇರಬಹುದಾದ ಹಂಪೆಯನ್ನು ಮಾತ್ರ ‘ಹಾಳು’ ಎಂಬ ವಿಶೇಷಣವಿಲ್ಲದೆ ನೆನೆಯುವುದಿಲ್ಲ. ಹಂಪೆ ಅವರಿಗೆ ಸತ್ತ ರಾಜಧಾನಿ. ದಿನವೂ ಪೂಜೆ ನಡೆಯುವ ತೀರ್ಥವೆಂಬುದು ತಡವಾಗಿ ಹೊಳೆಯುತ್ತದೆ. ಈ ಮರೆವಿನಲ್ಲಿ ಗ್ರಂಥಗಳ ಪಾಲೂ ಇದೆ. ಆದುದರಿಂದ ನಮ್ಮ ಗ್ರಂಥಾಲಯದಲ್ಲಿರುವ ಮೂರು ಪುಸ್ತಕಗಳನ್ನು ಒಂದೇ ಪ್ರಶ್ನೆಯೊಡನೆ ಇಲ್ಲಿ ಪರಿಶೀಲಿಸುತ್ತೇವೆ: ಅನ್ಯಧರ್ಮೀಯರ ಪವಿತ್ರ ಸ್ಥಳವೊಂದನ್ನು ಬರೆಯುವಾಗ ಲೇಖಕನು ಅಲ್ಲಿಯ ಆರಾಧನೆಯನ್ನು ಯಾವ ಕಾಲದಲ್ಲಿ ನಿಲ್ಲಿಸುತ್ತಾನೆ? ಭೂತದಲ್ಲೋ, ವರ್ತಮಾನದಲ್ಲೋ?

ಮೊದಲನೆಯದು ಮದ್ರಾಸ್ ಸಿವಿಲ್ ಸರ್ವಿಸ್‌ನ ಅಧಿಕಾರಿ ರಾಬರ್ಟ್ ಸಿವೆಲ್ 1900ರಲ್ಲಿ ಪ್ರಕಟಿಸಿದ ‘ಎ ಫರ್ಗಾಟನ್ ಎಂಪೈರ್’. ಪೋರ್ಚುಗೀಸರಾದ ದೊಮಿಂಗೊ ಪಾಯಸ್ ಮತ್ತು ಫೆರ್ನಾವೊ ನೂನಿಜ್ ಅವರ ವೃತ್ತಾಂತಗಳನ್ನು ಇಂಗ್ಲಿಷಿಗೆ ತಂದ ಉಪಕಾರ ಈ ಗ್ರಂಥದ್ದು. ಇಂದಿಗೂ ಅದರ ಬೆಲೆ ಅಲ್ಲಿಯೇ ಇದೆ. ಆದರೆ ಹೆಸರಿನಲ್ಲಿರುವ ‘ಮರೆತ’ ಎಂಬ ಮಾತನ್ನು ತಡೆದು ಕೇಳಬೇಕಾಗುತ್ತದೆ: ಮರೆತವರಾರು? ಸಿವೆಲ್ ಬರೆಯುತ್ತಿದ್ದ ವರ್ಷದಲ್ಲಿಯೂ ಚೈತ್ರದಲ್ಲಿ ವಿರೂಪಾಕ್ಷನ ತೇರು ಎಳೆಯುತ್ತಿದ್ದ ಭಕ್ತರು ಏನನ್ನೂ ಮರೆತಿರಲಿಲ್ಲ. 19ನೆಯ ಶತಮಾನದ ಆರಂಭದಲ್ಲಿ ಆ ದೇವಾಲಯ ಜೀರ್ಣೋದ್ಧಾರವನ್ನೂ ಕಂಡಿತ್ತು. ಸಾಮ್ರಾಜ್ಯವನ್ನೇ ಅಳತೆಗೋಲಾಗಿ ಹಿಡಿದವನಿಗೆ 1565ರ ರಕ್ಕಸತಂಗಡಿಯ ಯುದ್ಧದೊಂದಿಗೆ ಕಥೆ ಮುಗಿಯುತ್ತದೆ. ತೀರ್ಥವನ್ನು ಅಳತೆಗೋಲಾಗಿ ಹಿಡಿದವನಿಗೆ ಆ ಎರಡೂ ಕಾಲು ಶತಮಾನದ ವೈಭವ ಒಂದು ದೀರ್ಘ ಕಥೆಯ ನಡುವಣ ಅಧ್ಯಾಯ ಮಾತ್ರ.

ಎರಡನೆಯ ಗ್ರಂಥ ನಮಗೆ ಹೆಚ್ಚು ಹತ್ತಿರದ್ದು, ಹಾಗಾಗಿಯೇ ಹೆಚ್ಚು ಕಷ್ಟದ್ದು. ಯೇಸುಸಭೆಯ ಗುರು ಹೆನ್ರಿ ಹೆರಾಸ್ ಸ್ಪೇನ್ ದೇಶದವರು. 1922ರಲ್ಲಿ ಮುಂಬೈಗೆ ಬಂದು ಸೇಂಟ್ ಝೇವಿಯರ್ಸ್ ಕಾಲೇಜಿನಲ್ಲಿ ಇತಿಹಾಸ ಬೋಧಿಸಿ, ಮುಂದೆ ತಮ್ಮ ಹೆಸರನ್ನೇ ಪಡೆದ ಸಂಶೋಧನಾ ಸಂಸ್ಥೆಯನ್ನು ಕಟ್ಟಿದರು. 1927ರಲ್ಲಿ ಅರವೀಡು ವಂಶದ ಇತಿಹಾಸವನ್ನೂ 1929ರಲ್ಲಿ ‘ಬಿಗಿನಿಂಗ್ಸ್ ಆಫ್ ವಿಜಯನಗರ ಹಿಸ್ಟರಿ’ ಎಂಬ ಕಿರುಗ್ರಂಥವನ್ನೂ ಹೊರತಂದರು. ವಿದ್ಯಾರಣ್ಯರು ನಗರವನ್ನು ಸ್ಥಾಪಿಸಿದರೆಂಬ ಕಥೆ 16ನೆಯ ಶತಮಾನದಲ್ಲಿ ಶೃಂಗೇರಿಯ ಮಠದಲ್ಲಿ ಹುಟ್ಟಿದ ಕಟ್ಟುಕಥೆಯೆಂಬುದು ಈ ಕಿರುಗ್ರಂಥದ ಹೆಸರಾಂತ ವಾದ. ವಾದ ನಿರಾಧಾರವಾದುದಲ್ಲ. ಸಂಗಮ ಸಹೋದರರು 1346ರಲ್ಲಿ ಶೃಂಗೇರಿಯಲ್ಲಿ ನೀಡಿದ ದತ್ತಿಯ ಶಾಸನ ಭಾರತೀತೀರ್ಥರನ್ನು ಸ್ಮರಿಸುತ್ತದೆ. ವಿದ್ಯಾರಣ್ಯರು ಶಾಸನಗಳಲ್ಲಿ ಕಾಣಿಸಿಕೊಳ್ಳುವುದು ತರುವಾಯ. ಜರ್ಮನ್ ವಿದ್ವಾಂಸ ಹರ್ಮನ್ ಕುಲ್ಕೆ 1985ರಲ್ಲಿ ಇದೇ ಪ್ರಶ್ನೆಗೆ ಮರಳಿದಾಗ ಕಥೆಯ ತಡವಾದ ಹುಟ್ಟನ್ನು ಒಪ್ಪಿಕೊಂಡೇ ಮುಂದುವರಿದರು.

ಹಾಗಾದರೆ ನಮ್ಮ ತಕರಾರು ಎಲ್ಲಿದೆ? ಹೆರಾಸರು ಕಥೆಯನ್ನು ಬಿಚ್ಚಿದ ಸ್ಥಳದಲ್ಲಿಯೇ ನಿಂತುಬಿಡುತ್ತಾರೆ. ಸುಳ್ಳೆಂದು ತೋರಿಸಿದ ಮೇಲೆ ಕೆಲಸ ಮುಗಿಯಿತೆಂಬ ಧೋರಣೆ ಅಲ್ಲಿದೆ. ನಮ್ಮ ತರಗತಿಗಳಲ್ಲಿ ಪವಿತ್ರ ಗ್ರಂಥವನ್ನು ನಾವು ಹಾಗೆ ಓದುವುದಿಲ್ಲ. ಸಮುವೇಲನ ಎರಡನೆಯ ಗ್ರಂಥದ ಕೊನೆಯಲ್ಲಿ ದಾವೀದನು ಯೆಬೂಸಿಯನಾದ ಅರೌನನ ಕಣವನ್ನು ಹಣ ಕೊಟ್ಟು ಕೊಂಡು ಬಲಿಪೀಠ ಕಟ್ಟುತ್ತಾನೆ. ದೇವಾಲಯದ ಮಾತೇ ಅಲ್ಲಿಲ್ಲ. ಶತಮಾನಗಳ ಬಳಿಕ, ಸೆರೆವಾಸದಿಂದ ಮರಳಿದ ಜನರಿಗಾಗಿ ಬರೆದ ಪೂರ್ವಕಾಲವೃತ್ತಾಂತದ ಲೇಖಕನು ಅದೇ ಕಣವನ್ನು ದೇವಾಲಯದ ನಿವೇಶನವೆಂದು ಸಾರುತ್ತಾನೆ, ಮುಂದುವರಿದು ಅದನ್ನು ಮೊರೀಯ ಬೆಟ್ಟಕ್ಕೂ ಜೋಡಿಸುತ್ತಾನೆ. ಇದನ್ನು ನಾವು ಕಟ್ಟುಕಥೆಯೆಂದು ತಳ್ಳಿಹಾಕುವುದಿಲ್ಲ. ಆ ಸಮುದಾಯಕ್ಕೆ ಆಗ ಈ ಕಥೆ ಏಕೆ ಬೇಕಾಯಿತು ಎಂದು ಕೇಳುತ್ತೇವೆ, ಅಲ್ಲಿಂದಲೇ ದೈವಶಾಸ್ತ್ರದ ಮಾತು ಆರಂಭವಾಗುತ್ತದೆ. ಮೈಲಾಪುರದ ಸಂತ ತೋಮಸರ ಸಮಾಧಿಯ ಪರಂಪರೆಯ ವಿಷಯದಲ್ಲಿಯೂ ಓದುಗರಿಂದ ಇದೇ ತಾಳ್ಮೆಯನ್ನು ಬೇಡುತ್ತೇವೆ. ನಮಗಾಗಿ ಕೇಳುವ ಈ ನ್ಯಾಯವನ್ನು ಶೃಂಗೇರಿಗೂ ಸಲ್ಲಿಸಬೇಡವೆ? ಹೆರಾಸರು 1955ರಲ್ಲಿ ತೀರಿಕೊಂಡರು, ‘ನೋಸ್ತ್ರ ಎತಾತೆ’ ಬಂದದ್ದು 1965ರಲ್ಲಿ ಎಂಬುದನ್ನು ಅವರ ಪರವಾಗಿ ಹೇಳಬಹುದು. ಇಂದು ಅವರನ್ನು ಓದುವ ನಮಗೆ ಆ ರಿಯಾಯಿತಿ ಇಲ್ಲ.

ಮೂರನೆಯದು ಅನಿಲಾ ವರ್ಗೀಸ್ ಅವರ ‘ರಿಲಿಜಸ್ ಟ್ರೆಡಿಷನ್ಸ್ ಅಟ್ ವಿಜಯನಗರ’ (1995). ಲೇಖಕಿ ಮುಂಬೈನ ಸೋಫಿಯಾ ಕಾಲೇಜಿನ ಪ್ರಾಂಶುಪಾಲೆಯಾಗಿದ್ದ ಧರ್ಮಭಗಿನಿ. ಹಂಪೆಯ ಬಂಡೆಗಳ ನಡುವೆ ವರ್ಷಗಟ್ಟಲೆ ತಿರುಗಿ, ಗುಡಿ, ಮೂರ್ತಿ, ಕಂಬದ ಉಬ್ಬುಶಿಲ್ಪ, ಶಾಸನ ಇವುಗಳಿಂದಲೇ ಧಾರ್ಮಿಕ ಚರಿತ್ರೆಯನ್ನು ಕಟ್ಟಿದ್ದಾರೆ. ಮೂರರಲ್ಲಿ ನಾವು ಮನಸಾರೆ ಮೆಚ್ಚುವುದು ಇದನ್ನೇ. ರಾಜಧಾನಿಗಿಂತ ತೀರ್ಥ ಹಳೆಯದೆಂಬುದನ್ನು ಈ ಗ್ರಂಥ ನೆಲೆಗೊಳಿಸುತ್ತದೆ. 7ನೆಯ ಶತಮಾನದ ಕೊನೆಯಲ್ಲಿ ಬಾದಾಮಿಯ ಚಾಳುಕ್ಯ ವಿನಯಾದಿತ್ಯನ ತಾಮ್ರಶಾಸನದಲ್ಲಿಯೇ ಪಂಪೆಯ ಹೆಸರಿದೆ. ಪಂಪೆ ಮೊದಲು ನದೀತೀರದ ಸ್ಥಳೀಯ ದೇವತೆ. ಕಾಲಕ್ರಮದಲ್ಲಿ ವಿರೂಪಾಕ್ಷನೊಡನೆ ಆಕೆಯ ವಿವಾಹವಾಗಿ, ನೆಲದ ದೇವತೆ ದೊಡ್ಡ ಶೈವ ಪರಂಪರೆಯೊಳಕ್ಕೆ ಬಂದಳು. ಹಂಪೆಯ ಹರಿಹರ ‘ಗಿರಿಜಾಕಲ್ಯಾಣ’ ಬರೆದ ಊರಿನಲ್ಲಿ ಈ ಮದುವೆ ಕೇವಲ ಪುರಾಣವಲ್ಲ: ಫಲಪೂಜೆಯ ದಿನ ನಿಶ್ಚಿತಾರ್ಥ, ಚೈತ್ರದಲ್ಲಿ ಕಲ್ಯಾಣೋತ್ಸವ. ರಾಜರು ಬಂದದ್ದು ಇಂಥ ಕ್ಷೇತ್ರಕ್ಕೆ, ಅದರ ದೇವರ ಹೆಸರನ್ನೇ ತಮ್ಮ ಶಾಸನಗಳಿಗೆ ‘ಶ್ರೀ ವಿರೂಪಾಕ್ಷ’ ಎಂದು ಕನ್ನಡ ಲಿಪಿಯಲ್ಲಿ ಅಂಕಿತವಾಗಿ ಹಾಕಿಕೊಂಡರು. ಸಂಸ್ಕೃತೀಕರಣ, ಸಂಸ್ಕೃತಿಗೆ ಒಗ್ಗಿಕೊಳ್ಳುವಿಕೆ ಎಂದು ಪ್ರಬಂಧ ಬರೆಯುವವರು ಈ ಅಧ್ಯಾಯಗಳನ್ನು ಮೊದಲು ಓದಲಿ.

ಧರ್ಮಭಗಿನಿಯಾಗಿ ಅವರು ಎಲ್ಲಿಯೂ ಉಪದೇಶಕ್ಕೆ ಇಳಿಯದಿರುವುದನ್ನು ಕೊರತೆಯೆಂದು ಯಾರಾದರೂ ಹೇಳಬಹುದು. ನಾವು ಅದನ್ನು ಸಾಕ್ಷ್ಯವೆಂದೇ ಎಣಿಸುತ್ತೇವೆ. ಆದರೂ ಗ್ರಂಥದ ಉಪಶೀರ್ಷಿಕೆಯೇ ಹೇಳುವಂತೆ ಅದರ ಆಧಾರ ಸ್ಮಾರಕಗಳು. ಕಲ್ಲು ಮಾತಾಡುವಷ್ಟು ಅರ್ಚಕರೂ ಯಾತ್ರಿಕರೂ ಅಲ್ಲಿ ಮಾತಾಡುವುದಿಲ್ಲ.

ಈ ಕೊರತೆ ಪಾಂಡಿತ್ಯಕ್ಕೆ ಮಾತ್ರ ಸಂಬಂಧಿಸಿದ್ದಲ್ಲ. ವಿರೂಪಾಕ್ಷನ ದೇವಾಲಯದ ಮುಂದಿನ ಬೀದಿಯಲ್ಲಿ ಮೊಗಸಾಲೆಗಳಿದ್ದ ಚೆಂದದ ಮನೆಗಳಿದ್ದವೆಂದೂ ಅವುಗಳಲ್ಲಿ ಯಾತ್ರಿಕರು ತಂಗುತ್ತಿದ್ದರೆಂದೂ ಸುಮಾರು 1520ರಲ್ಲಿಯೇ ಪಾಯಸ್ ಬರೆದಿದ್ದಾನೆ. 1986ರಲ್ಲಿ ಹಂಪೆ ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. 2011ರ ಜುಲೈಯಲ್ಲಿ ಅದೇ ಬೀದಿಯ ಮಂಟಪಗಳಲ್ಲಿಯೂ ಆಸುಪಾಸಿನಲ್ಲಿಯೂ ಬದುಕು ಕಟ್ಟಿಕೊಂಡಿದ್ದ ಕುಟುಂಬಗಳ ಮನೆ ಅಂಗಡಿಗಳನ್ನು ಸ್ಮಾರಕ ರಕ್ಷಣೆಯ ಹೆಸರಿನಲ್ಲಿ ಕೆಡವಲಾಯಿತು. ಪುನರ್ವಸತಿಗೆ ತೋರಿಸಿದ್ದು ಕಡ್ಡಿರಾಂಪುರವನ್ನು. ಮಂಟಪಗಳಿಗೆ ಧಕ್ಕೆಯಾಗುತ್ತಿತ್ತೆಂಬ ಮಾತಿನಲ್ಲಿ ಸತ್ಯವಿಲ್ಲದಿಲ್ಲ. ಆದರೆ ನಕ್ಷೆಗಳಲ್ಲಿ ‘ಪವಿತ್ರ ಕೇಂದ್ರ’, ‘ರಾಜ ಕೇಂದ್ರ’ ಎಂದು ಗೆರೆ ಎಳೆದ ಗ್ರಂಥಗಳನ್ನು ಓದಿ ಬೆಳೆದ ಕಣ್ಣಿಗೆ, ಪೂಜೆಗೆ ಹೂವು ಕಾಯಿ ಮಾರುವವಳು ಪಾವಿತ್ರ್ಯದ ಹೊರಗೆ ನಿಂತ ಒತ್ತುವರಿದಾರಳಾಗಿ ಕಾಣುವುದು ಎಷ್ಟು ಸುಲಭ! ಜೆರುಸಲೇಮಿಗೆ ಹೋಗಿ ಗುಡಿಗೋಡೆಗಳನ್ನಷ್ಟೇ ನೋಡಿ ಮರಳುವ ಯಾತ್ರಿಕರಿಗೆ ಅಲ್ಲಿಯ ಪ್ಯಾಲೆಸ್ತೀನಿ ಕ್ರೈಸ್ತರು, ಸಂತ ಪೇತ್ರರ ಪತ್ರದ ರೂಪಕವನ್ನು ಎತ್ತಿಕೊಂಡು, ಜೀವಂತ ಕಲ್ಲುಗಳಾದ ತಮ್ಮನ್ನೂ ನೋಡಿರೆಂದು ಹೇಳುತ್ತ ಬಂದಿದ್ದಾರೆ. ಆ ಅಳಲನ್ನು ನಾವು ಪೀಠದಿಂದ ಎಷ್ಟೋ ಸಲ ಎತ್ತಿ ಹೇಳಿದ್ದೇವೆ. ಹಂಪೆಯ ಬೀದಿಯವರಿಗೆ ಅದನ್ನು ಅನ್ವಯಿಸಿದ್ದು ಅಪರೂಪ.

ನದಿಯಾಚೆಯ ಆನೆಗೊಂದಿಯ ಮನೆಗಳನ್ನೂ ಅಲ್ಲಿ ವಾಸಿಸುವವರನ್ನೂ ಕುರಿತು ನಟಾಲಿ ಟೋಬರ್ಟ್ 2000ದಲ್ಲಿ ಪ್ರಕಟಿಸಿದ ಅಧ್ಯಯನ ಈ ದಿಕ್ಕಿನಲ್ಲಿ ಒಂದು ಹೆಜ್ಜೆ. ವಿರೂಪಾಕ್ಷ ಬೀದಿಯ ಬಗ್ಗೆ ಅಂಥದೊಂದು ಪುಸ್ತಕ ನಮ್ಮ ಕಪಾಟಿನಲ್ಲಿಲ್ಲ. ಮೂರರಲ್ಲಿ ಒಂದನ್ನೇ ಓದಲು ಸಮಯವುಳ್ಳವರು ವರ್ಗೀಸ್ ಅವರನ್ನು ಓದಲಿ. ಎರಡಕ್ಕೆ ಬಿಡುವಿದ್ದವರು ಹೆರಾಸರನ್ನು ಸೇರಿಸಿಕೊಂಡು, ಮಗ್ಗುಲಲ್ಲಿ ಪೂರ್ವಕಾಲವೃತ್ತಾಂತವನ್ನು ತೆರೆದಿಟ್ಟುಕೊಳ್ಳಲಿ. ಸಿವೆಲ್ ಗ್ರಂಥದಲ್ಲಿ ಪಾಯಸನ ಪುಟಗಳು ಸಾಕು. ಹಂಪೆಗೆ ಅಧ್ಯಯನ ಪ್ರವಾಸ ಹೊರಡುವ ತಂಡಗಳು ದಿನ ಗೊತ್ತುಮಾಡುವ ಮೊದಲು ಫಲಪೂಜೆಯ ತಿಥಿಯನ್ನು ಪಂಚಾಂಗದಲ್ಲಿ ನೋಡಿಕೊಳ್ಳುವುದು ಒಳ್ಳೆಯದು.