ಗಲಿಲಾಯ ಯಾವ ಕಡೆಗಿದೆ? ಎಲಿಸೊಂಡೊ ಅವರ ಬೆರಕೆಯ ದೇವಶಾಸ್ತ್ರ: ಒಂದು ವಿಮರ್ಶೆ

ಮೆಕ್ಸಿಕೊದ ಕವಿ ಒಕ್ಟಾವಿಯೊ ಪಾಸ್ ಅವರು 1950ರಲ್ಲಿ ಪ್ರಕಟಿಸಿದ ‘ಏಕಾಂತದ ಚಕ್ರವ್ಯೂಹ’ವು ತನ್ನ ಜನರ ಸ್ವರೂಪವನ್ನು ವಿಚಾರಿಸಲು ಹೊರಟ ಗ್ರಂಥ. ಆದರೆ ಅದರ ಮೊದಲನೆಯ ಅಧ್ಯಾಯವು ನಮ್ಮನ್ನು ಕರೆದೊಯ್ಯುವುದು ಅಮೆರಿಕ ಸಂಯುಕ್ತ ಸಂಸ್ಥಾನದ ಲಾಸ್ ಏಂಜಲಿಸ್ ನಗರದ ಬೀದಿಗಳಿಗೆ. ಅಲ್ಲಿ ವಲಸಿಗರ ಮನೆತನಗಳ ತರುಣರಾದ ‘ಪಚೂಕೊ’ಗಳನ್ನು ಕವಿ ಕಾಣುತ್ತಾರೆ. ಹಿರಿಯರ ಪರಂಪರೆಯನ್ನು ಕಳೆದುಕೊಂಡು, ಹೊಸ ನಾಡಿನೊಳಕ್ಕೂ ಸೇರದೆ, ವಿಚಿತ್ರವಾದ ಉಡುಪಿನಲ್ಲಿ ತಮ್ಮನ್ನು ತಾವು ಸಾರಿಕೊಳ್ಳುವ ಅನಾಥರಾಗಿ ಅವರು ಪಾಸ್ ಅವರ ಕಣ್ಣಿಗೆ ತೋರುತ್ತಾರೆ. ಮೂವತ್ತಮೂರು ವರ್ಷಗಳ ಅನಂತರ, ಅಂಥ ವಲಸಿಗರ ಮಗನೇ ಆದ ಒಬ್ಬ ಗುರುವು ಅದೇ ಜನರನ್ನು ನೋಡಿ ತದ್ವಿರುದ್ಧವಾದ ಮಾತನ್ನು ಹೇಳಿದರು. ಎರಡು ಕಡೆಗೂ ಸಲ್ಲದವರೆಂದು ತಳ್ಳಲ್ಪಟ್ಟ ಇವರ ನಡುವೆಯೇ ದೇವರು ಹೊಸ ಸೃಷ್ಟಿಯನ್ನು ಆರಂಭಿಸಿದ್ದಾನೆ ಎಂಬುದೇ ಆ ಮಾತು. ವರ್ಜಿಲಿಯೊ ಎಲಿಸೊಂಡೊ ಅವರ ‘ಗಲಿಲಾಯದ ಪಯಣ: ಮೆಕ್ಸಿಕನ್ ಅಮೆರಿಕನ್ ವಾಗ್ದಾನ’ ಎಂಬ ಗ್ರಂಥವು 1983ರಲ್ಲಿ ಇಂಗ್ಲಿಷಿನಲ್ಲಿ ಹೊರಬಂದಿತು. ವಲಸೆಯನ್ನು ಕುರಿತು ಬೋಧಿಸಲು ಹೊರಡುವವರೆಲ್ಲರೂ ಇಂದಿಗೂ ಆಶ್ರಯಿಸುವ ಈ ಗ್ರಂಥದಲ್ಲಿ ಉಳಿಯತಕ್ಕದ್ದು ಯಾವುದು, ಬಿಡತಕ್ಕದ್ದು ಯಾವುದು ಎಂಬುದನ್ನು ಇಲ್ಲಿ ಪರಿಶೀಲಿಸಲು ಬಯಸುತ್ತೇವೆ.

ಎಲಿಸೊಂಡೊ 1935ರಲ್ಲಿ ಟೆಕ್ಸಸ್ ರಾಜ್ಯದ ಸ್ಯಾನ್ ಆಂಟೋನಿಯೊ ನಗರದಲ್ಲಿ ಹುಟ್ಟಿದರು. ಮೆಕ್ಸಿಕೊದಿಂದ ಬಂದ ಅವರ ತಂದೆತಾಯಿಗಳು ಅಲ್ಲಿ ದಿನಸಿ ಅಂಗಡಿಯನ್ನು ನಡೆಸುತ್ತಿದ್ದರು. 1972ರಲ್ಲಿ ಅವರು ಅದೇ ನಗರದಲ್ಲಿ ಮೆಕ್ಸಿಕನ್ ಅಮೆರಿಕನ್ ಸಾಂಸ್ಕೃತಿಕ ಕೇಂದ್ರವನ್ನು ಕಟ್ಟಿದರು. ಮುಂದೆ ಸ್ಯಾನ್ ಫರ್ನಾಂಡೊ ಪ್ರಧಾನಾಲಯದ ಮುಖ್ಯ ಗುರುವಾಗಿ ಸೇವೆ ಸಲ್ಲಿಸಿದರು. ಅವರ ದೇವಶಾಸ್ತ್ರವು ಪ್ಯಾರಿಸಿನಲ್ಲಿ ಪಡೆದ ಉನ್ನತ ವ್ಯಾಸಂಗಕ್ಕೆ ಎಷ್ಟು ಋಣಿಯೋ ಆ ಪ್ರಧಾನಾಲಯದ ಎದುರಿನ ಬೀದಿಯಲ್ಲಿ ಶುಭ ಶುಕ್ರವಾರದಂದು ಜನರು ಶಿಲುಬೆಯನ್ನು ಹೊತ್ತು ನಡೆಯುವ ಮೆರವಣಿಗೆಗೂ ಅಷ್ಟೇ ಋಣಿಯಾಗಿದೆ.

ವಾದದ ಸ್ವರೂಪ

ಗ್ರಂಥದ ತಳಹದಿಯು ‘ಮೆಸ್ತಿಸಾಹೆ’ ಎಂಬ ಸ್ಪ್ಯಾನಿಷ್ ಪದ. ಎರಡು ಜನಾಂಗಗಳ, ಎರಡು ಸಂಸ್ಕೃತಿಗಳ ಬೆರಕೆಯಿಂದ ಮೂರನೆಯದೊಂದು ಹುಟ್ಟುವುದು ಎಂದು ಅದರ ಅರ್ಥ. ಎಲಿಸೊಂಡೊ ತಮ್ಮ ಜನರ ಚರಿತ್ರೆಯಲ್ಲಿ ಇಂಥ ಎರಡು ಬೆರಕೆಗಳನ್ನು ಗುರುತಿಸುತ್ತಾರೆ. ಮೊದಲನೆಯದು 1519ರಲ್ಲಿ ಕೊರ್ತೆಸ್ ಎಂಬ ಸ್ಪೇನಿನ ದಂಡನಾಯಕನು ಪವಿತ್ರ ವಾರದಲ್ಲಿ ದಡಕ್ಕೆ ಬಂದು, ತಾನು ಸ್ಥಾಪಿಸಿದ ಊರಿಗೆ ‘ನಿಜ ಶಿಲುಬೆ’ ಎಂದರ್ಥ ಕೊಡುವ ವೆರಾಕ್ರೂಸ್ ಎಂದು ಹೆಸರಿಟ್ಟಾಗ ಆರಂಭವಾಯಿತು. ಎರಡು ವರ್ಷಗಳ ಅನಂತರ ಅಸ್ತೆಕರ ರಾಜಧಾನಿ ತೆನೊಚ್ತಿತ್ಲಾನ್ ಬಿದ್ದಿತು. ಎರಡನೆಯದು ಹತ್ತೊಂಬತ್ತನೆಯ ಶತಮಾನದಲ್ಲಿ ಉತ್ತರದಿಂದ ಬಂದಿತು. 1848ರ ಫೆಬ್ರವರಿ 2ರಂದು ಸಹಿಯಾದ ಒಪ್ಪಂದದಿಂದ ಮೆಕ್ಸಿಕೊ ತನ್ನ ಭೂಪ್ರದೇಶದ ಅರ್ಧಕ್ಕೂ ಹೆಚ್ಚಿನದನ್ನು ಅಮೆರಿಕಕ್ಕೆ ಕಳೆದುಕೊಂಡಿತು. ಆ ಒಪ್ಪಂದಕ್ಕೆ ಸಹಿ ಬಿದ್ದ ಸ್ಥಳವು ಗ್ವಾಡಲೂಪೆಯ ಮಾತೆಯ ಪುಣ್ಯಕ್ಷೇತ್ರವೇ ಆಗಿರುವ ಊರು. ಅಂದು ಟೆಕ್ಸಸ್‌ನಲ್ಲೂ ಕ್ಯಾಲಿಫೋರ್ನಿಯದಲ್ಲೂ ವಾಸವಾಗಿದ್ದವರು ಯಾವ ಗಡಿಯನ್ನೂ ದಾಟಲಿಲ್ಲ. ಗಡಿಯೇ ಅವರನ್ನು ದಾಟಿ ದಕ್ಷಿಣಕ್ಕೆ ಸರಿಯಿತು. ವಲಸಿಗನೆಂದರೆ ಚಲಿಸಿದವನು ಎಂಬ ನಮ್ಮ ಸಾಮಾನ್ಯ ತಿಳಿವಳಿಕೆಯನ್ನು ಈ ಒಂದು ಸಂಗತಿಯೇ ಅಲುಗಾಡಿಸುತ್ತದೆ.

ಈ ಅನುಭವದಿಂದ ಎಲಿಸೊಂಡೊ ಸುವಾರ್ತೆಗಳತ್ತ ತಿರುಗುತ್ತಾರೆ. ದೇವಕುಮಾರನು ಮನುಷ್ಯನಾದನು ಎಂದರೆ ಸಾಲದು. ಅವನು ಗಲಿಲಾಯದವನಾದನು ಎನ್ನಬೇಕು. ನಜರೇತಿನಿಂದ ಒಳ್ಳೆಯದೇನಾದರೂ ಬರಬಹುದೇ ಎಂಬ ನತಾನಯೇಲನ ಸಂದೇಹ, ಮಹಾಯಾಜಕನ ಅಂಗಳದಲ್ಲಿ ಪೇತ್ರನನ್ನು ಹಿಡಿದುಕೊಟ್ಟ ಅವನ ಉಚ್ಚಾರಣೆ ಇವೆಲ್ಲ ಅವರ ಓದಿನಲ್ಲಿ ರಕ್ಷಣೆಯ ಕಥೆಯ ಒಳತಿರುಳಾಗುತ್ತವೆ. ಇಲ್ಲಿಂದ ಅವರು ಮೂರು ತತ್ತ್ವಗಳನ್ನು ರೂಪಿಸುತ್ತಾರೆ. ಮನುಷ್ಯರು ತಳ್ಳಿಬಿಟ್ಟದ್ದನ್ನು ದೇವರು ತನ್ನದಾಗಿ ಆರಿಸಿಕೊಳ್ಳುತ್ತಾನೆ ಎಂಬುದು ಗಲಿಲಾಯದ ತತ್ತ್ವ. ಹಾಗೆ ಆರಿಸಲ್ಪಟ್ಟವರು ಸಾಂತ್ವನದಲ್ಲಿ ಕುಳಿತಿರದೆ, ಮನುಷ್ಯರ ಘನತೆಯನ್ನು ಕುಗ್ಗಿಸುವ ಅಧಿಕಾರದ ಕೇಂದ್ರವನ್ನು ಎದುರಿಸಲು ಹೊರಡಬೇಕು ಎಂಬುದು ಯೆರೂಸಲೇಮಿನ ತತ್ತ್ವ. ಪ್ರೀತಿಯೊಂದೇ ಕೇಡನ್ನು ಜಯಿಸಬಲ್ಲದು, ಅದನ್ನು ಯಾವ ಬಲವೂ ಸೋಲಿಸಲಾರದು ಎಂಬುದು ಪುನರುತ್ಥಾನದ ತತ್ತ್ವ.

ಈ ಮೂರನ್ನೂ ಒಟ್ಟಿಗೆ ಹಿಡಿದುದೇ ಗ್ರಂಥದ ದೊಡ್ಡ ಗುಣ. ಮೊದಲನೆಯದು ಮಾತ್ರ ಇದ್ದರೆ ಬಡವರನ್ನು ಹೊಗಳಿ ಬಡತನದಲ್ಲೇ ಬಿಡುವ ಬೋಧನೆಯಾಗುತ್ತದೆ. ಎರಡನೆಯದು ಮಾತ್ರ ಇದ್ದರೆ ಹೊಸ ದೊರೆಗಳು ಹಳೆಯ ದೊರೆಗಳ ಪೀಠವನ್ನೇರುತ್ತಾರೆ. ಮೂರನೆಯದು ಮಾತ್ರ ಇದ್ದರೆ ಶಿಲುಬೆಯಿಲ್ಲದ ಈಸ್ಟರ್ ಹಬ್ಬ ನಮ್ಮ ಪಾಲಿಗೆ ಉಳಿಯುತ್ತದೆ.

ಒಂದು ಪದದ ಭಾರ

ಮೆಸ್ತಿಸಾಹೆ ಎಂಬುದನ್ನು ಕನ್ನಡದಲ್ಲಿ ಹೇಳಲು ಹೊರಟಾಗ ನಮಗೆ ಎದುರಾಗುವ ತೊಡಕೇ ಈ ಗ್ರಂಥದ ಧೈರ್ಯವನ್ನು ತೋರಿಸಿಕೊಡುತ್ತದೆ. ‘ಬೆರಕೆ’ ಎಂಬುದು ನಮ್ಮ ಊರುಗಳಲ್ಲಿ ಬೈಗುಳ. ‘ಸಂಕರ’ ಎನ್ನೋಣವೆಂದರೆ ಆ ಪದದ ಬೆನ್ನಿಗೆ ವರ್ಣಸಂಕರದ ಭಯವು ಅಂಟಿಕೊಂಡಿದೆ. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಹರಳಯ್ಯ, ಮಧುವರಸರ ಮನೆತನಗಳ ಸಂಬಂಧಕ್ಕೆ ದೊರೆತ ಶಿಕ್ಷೆಯ ನೆನಪು ಇಲ್ಲಿ ಇನ್ನೂ ಮಾಸಿಲ್ಲ. ಮೆಸ್ತಿಸೊ ಎಂಬುದೂ ಸ್ಪೇನಿನ ಆಳ್ವಿಕೆಯಲ್ಲಿ ರಕ್ತದ ಅಳತೆಯಿಂದ ಮನುಷ್ಯರನ್ನು ಮೇಲುಕೀಳಾಗಿ ವಿಂಗಡಿಸಲು ಬಳಕೆಯಾಗುತ್ತಿದ್ದ ಹೆಸರೇ. ನಿಂದೆಯ ಆ ಹೆಸರನ್ನೇ ಎತ್ತಿಕೊಂಡು ವಾಗ್ದಾನದ ಹೆಸರನ್ನಾಗಿ ಮಾಡಿದ್ದು ಎಲಿಸೊಂಡೊ ಅವರ ಸಾಧನೆ. 1981ರಲ್ಲಿ ಬೆಂಗಳೂರಿನ ಯುನೈಟೆಡ್ ಥಿಯಲಾಜಿಕಲ್ ಕಾಲೇಜಿನಲ್ಲಿ ಅರವಿಂದ ನಿರ್ಮಲ್ ಅವರು ಶೂದ್ರ ದೇವಶಾಸ್ತ್ರದ ಅಗತ್ಯವನ್ನು ಮುಂದಿಟ್ಟು, ಬಳಿಕ ದಲಿತ ದೇವಶಾಸ್ತ್ರಕ್ಕೆ ದಾರಿ ಮಾಡಿದಾಗಲೂ ನಡೆದದ್ದು ಇಂಥ ಕೆಲಸವೇ. ಒಬ್ಬರನ್ನೊಬ್ಬರು ಅನುಸರಿಸದ ಈ ಎರಡು ಧ್ವನಿಗಳು ಹೆಚ್ಚು ಕಡಮೆ ಒಂದೇ ಕಾಲದಲ್ಲಿ ಎದ್ದುದು ಗಮನಾರ್ಹ.

ಆದರೂ ಈ ಗ್ರಂಥವನ್ನು ಪ್ರಶ್ನಿಸದೆ ಸ್ವೀಕರಿಸಲು ನಮಗೆ ಸಾಧ್ಯವಿಲ್ಲ. ನಮ್ಮ ಆಕ್ಷೇಪಗಳು ಎರಡು.

ಯೆಹೂದ್ಯನಾದ ಯೇಸು

ಎಲಿಸೊಂಡೊ ಅವರ ಗಲಿಲಾಯವು ಹಲವು ಜನಾಂಗಗಳು ಕೂಡಿದ ಗಡಿನಾಡು. ಯೆರೂಸಲೇಮು ಶುದ್ಧತೆಯ ಗರ್ವದಿಂದ ಅದನ್ನು ಹಳಿಯುವ ಕೇಂದ್ರ. ಮತ್ತಾಯನು ಪ್ರವಾದಿಯಿಂದ ಎತ್ತಿಕೊಂಡ ‘ಅನ್ಯಜನರ ಗಲಿಲಾಯ’ ಎಂಬ ಹೆಸರು ಈ ಚಿತ್ರಕ್ಕೆ ಆಧಾರ. ಆದರೆ ಗ್ರಂಥವು ಪ್ರಕಟವಾದ ಮೇಲಿನ ದಶಕಗಳಲ್ಲಿ ನಡೆದ ಉತ್ಖನನಗಳು ಬೇರೆ ಚಿತ್ರವನ್ನು ಕೊಡುತ್ತವೆ. ಶುದ್ಧಾಚಾರಕ್ಕಾಗಿ ಬಳಸುತ್ತಿದ್ದ ಕಲ್ಲಿನ ಪಾತ್ರೆಗಳು, ವಿಧಿಸ್ನಾನದ ಕೊಳಗಳು, ಹಂದಿಯ ಎಲುಬುಗಳ ಅಭಾವ ಇವುಗಳ ಆಧಾರದ ಮೇಲೆ, ಯೇಸುವಿನ ಕಾಲದ ಗಲಿಲಾಯವು ಪ್ರಧಾನವಾಗಿ ಯೆಹೂದ್ಯರ ನಾಡೇ ಆಗಿತ್ತೆಂದು ಮಾರ್ಕ್ ಚಾನ್ಸಿ ಅವರು 2002ರ ತಮ್ಮ ಅಧ್ಯಯನದಲ್ಲಿ ವಾದಿಸಿದ್ದಾರೆ.

ಇದು ಕೇವಲ ಪುರಾತತ್ತ್ವದ ತಿದ್ದುಪಡಿಯಲ್ಲ. ಗಲಿಲಾಯವು ಬೆರಕೆಯದಾದ್ದರಿಂದ ಕೃಪೆಗೆ ತಕ್ಕದ್ದು, ಯೆರೂಸಲೇಮು ಯೆಹೂದ್ಯವಾದ್ದರಿಂದ ಕೃಪೆಗೆ ಎದುರಾದದ್ದು ಎಂಬ ಭಾವನೆಯು ಸಭಿಕರ ಮನಸ್ಸಿನಲ್ಲಿ ಬೇರೂರಿದರೆ, ಒಬ್ಬ ತಳ್ಳಲ್ಪಟ್ಟವನ ಮಾನವನ್ನು ಎತ್ತಿಹಿಡಿಯಲು ಇನ್ನೊಬ್ಬ ತಳ್ಳಲ್ಪಟ್ಟವನನ್ನು ಹಳಿದಂತಾಗುತ್ತದೆ. ಯೆಹೂದ್ಯರ ವಿಷಯದಲ್ಲಿ ಕ್ರೈಸ್ತ ಸಭೆಯ ಚರಿತ್ರೆಯನ್ನು ಬಲ್ಲವರು ಇದನ್ನು ಹಗುರವಾಗಿ ಎಣಿಸಲಾರರು. ಸುವಾರ್ತೆಗಳೂ ಈ ಸರಳ ವಿಂಗಡಣೆಗೆ ಒಪ್ಪುವುದಿಲ್ಲ. ಮಾರ್ಕನಲ್ಲಿ ಶಿಷ್ಯರು ಪುನರುತ್ಥಿತನನ್ನು ಕಾಣಲು ಗಲಿಲಾಯಕ್ಕೆ ಹೋಗಬೇಕು; ಲೂಕನಲ್ಲಿ ಅವರು ಯೆರೂಸಲೇಮಿನಲ್ಲೇ ಕಾದಿರಬೇಕು, ಸಾಕ್ಷಿಯು ಅಲ್ಲಿಂದಲೇ ಮೊದಲಾಗಬೇಕು. ಯಾವ ನಗರವನ್ನು ಕಂಡು ಕರ್ತನು ಕಣ್ಣೀರಿಟ್ಟನೋ ಆ ನಗರವು ಅವನಿಗೆ ಶತ್ರುವಲ್ಲ.

ನಮ್ಮ ಅಭಿಪ್ರಾಯದಲ್ಲಿ ಈ ತಿದ್ದುಪಡಿಯಿಂದ ಗಲಿಲಾಯದ ತತ್ತ್ವವು ಬೀಳುವುದಿಲ್ಲ, ಇನ್ನೂ ಆಳವಾಗುತ್ತದೆ. ಯೇಸುವು ತನ್ನ ಜನರೊಳಗೇ ಅಂಚಿನವನಾಗಿದ್ದನು. ರಕ್ತದಲ್ಲಿ ಬೇರೆಯವನಲ್ಲದಿದ್ದರೂ ಊರಿನಿಂದ, ನುಡಿಯ ಧಾಟಿಯಿಂದ, ಕಸುಬಿನಿಂದ ಕೀಳಾಗಿ ಎಣಿಸಲ್ಪಟ್ಟನು. ಹಾಗಾದರೆ ದೇವರ ಆಯ್ಕೆಗೆ ಕಾರಣವಾದದ್ದು ಬೆರೆತ ರಕ್ತವಲ್ಲ, ಅನುಭವಿಸಿದ ತಿರಸ್ಕಾರ. ಶುದ್ಧ ರಕ್ತದ ಹೆಮ್ಮೆಯು ಹೇಗೆ ಸುವಾರ್ತೆಯಲ್ಲವೋ ಹಾಗೆಯೇ ಬೆರೆತ ರಕ್ತದ ಹೆಮ್ಮೆಯೂ ಸುವಾರ್ತೆಯಲ್ಲ.

ಬೆರಕೆಯಲ್ಲಿ ಮರೆಯಾದವರು

ಎರಡನೆಯ ಆಕ್ಷೇಪವು ಇಲ್ಲಿಂದಲೇ ಹುಟ್ಟುತ್ತದೆ. ಮೆಕ್ಸಿಕೊದಲ್ಲಿ ಬೆರಕೆಯ ಹೊಗಳಿಕೆಯು ತುಳಿಯಲ್ಪಟ್ಟವರ ಮಾತಾಗಿ ಮಾತ್ರ ಉಳಿಯಲಿಲ್ಲ. ಅದು ರಾಜ್ಯದ ಸಿದ್ಧಾಂತವೂ ಆಯಿತು. 1910ರ ಕ್ರಾಂತಿಯ ತರುವಾಯ ಶಿಕ್ಷಣ ಮಂತ್ರಿಯಾಗಿದ್ದ ಹೊಸೆ ವಾಸ್ಕೊನ್ಸೆಲೊಸ್ ಅವರು 1925ರಲ್ಲಿ ‘ವಿಶ್ವಜನಾಂಗ’ ಎಂಬ ಗ್ರಂಥವನ್ನು ಬರೆದು, ಎಲ್ಲ ಜನಾಂಗಗಳೂ ಕರಗಿ ಒಂದಾಗುವ ಭವಿಷ್ಯವನ್ನು ಸಾರಿದರು. ಕೇಳಲು ಉದಾರವಾದ ಈ ಮಾತಿನ ನೆರಳಿನಲ್ಲಿ ಆದಿವಾಸಿ ಜನರು ಸ್ಪ್ಯಾನಿಷ್ ಕಲಿತು, ತಮ್ಮ ನುಡಿಯನ್ನು ಬಿಟ್ಟು, ಬೆರೆತುಹೋಗುವುದೇ ಪ್ರಗತಿಯೆಂದು ಶಾಲೆಗಳು ಕಲಿಸಿದವು. ಆಫ್ರಿಕದಿಂದ ಗುಲಾಮರಾಗಿ ತರಲ್ಪಟ್ಟವರ ಸಂತತಿಯಂತೂ ರಾಷ್ಟ್ರದ ಕಥೆಯಿಂದಲೇ ಮಾಯವಾಯಿತು. ಸಂವಿಧಾನವು ಅವರನ್ನು ಹೆಸರಿಸಿದ್ದು 2019ರಲ್ಲಿ. ಮರುವರ್ಷದ ಜನಗಣತಿಯಲ್ಲಿ ಸುಮಾರು 25 ಲಕ್ಷ ಮಂದಿ ತಾವು ಆಫ್ರಿಕನ್ ಮೂಲದವರೆಂದು ಹೇಳಿಕೊಂಡರು. 73 ಲಕ್ಷಕ್ಕೂ ಹೆಚ್ಚು ಜನರು ಆದಿವಾಸಿ ನುಡಿಗಳನ್ನಾಡುವವರೆಂದು ದಾಖಲಾದರು. ಎರಡು ಬೆರಕೆಗಳ ಕಥೆಯಲ್ಲಿ ಇವರಿಗೆ ಸ್ಥಳವೆಲ್ಲಿ? ನೆಸ್ತೊರ್ ಮೆದಿನಾ ಅವರು 2009ರಲ್ಲಿ ಪ್ರಕಟಿಸಿದ ಗ್ರಂಥವು ಮೆಸ್ತಿಸಾಹೆಯ ದೇವಶಾಸ್ತ್ರವನ್ನು ಈ ಪ್ರಶ್ನೆಯ ಮುಂದೆ ನಿಲ್ಲಿಸಿದೆ. ಆ ವಿಮರ್ಶೆಯು ನ್ಯಾಯವಾದುದೆಂದು ನಾವು ಎಣಿಸುತ್ತೇವೆ.

ವಲಸೆಯೇ ಇದನ್ನು ಸ್ಪಷ್ಟಪಡಿಸಿದೆ. 1942ರಿಂದ 1964ರವರೆಗೆ ನಡೆದ ‘ಬ್ರಸೇರೊ’ ಎಂಬ ಕೂಲಿ ಒಪ್ಪಂದದ ಕಾಲದಲ್ಲಿ ಸುಮಾರು 46 ಲಕ್ಷ ಕರಾರುಗಳು ಆದವು. 1994ರಲ್ಲಿ ಉತ್ತರ ಅಮೆರಿಕದ ಮುಕ್ತ ವ್ಯಾಪಾರ ಒಪ್ಪಂದವು ಜಾರಿಗೆ ಬಂದು, ಅಮೆರಿಕದ ಅಗ್ಗದ ಜೋಳದ ಎದುರು ಸಣ್ಣ ರೈತರ ಬದುಕು ಕುಗ್ಗಿತು. ಅದೇ ವರ್ಷ ಸ್ಯಾನ್ ಡಿಯೆಗೊ ಗಡಿಯಲ್ಲಿ ಕಾವಲು ಬಿಗಿಯಾಗಿ, ದಾಟುವವರ ದಾರಿಯು ಮರುಭೂಮಿಯ ಕಡೆಗೆ ಹೊರಳಿತು. ಸರಕಿಗೆ ಗಡಿ ತೆರೆದು ಮನುಷ್ಯನಿಗೆ ಮುಚ್ಚಿದ ವರ್ಷ ಅದು. ಹೀಗೆ ಹೊರಟವರಲ್ಲಿ ವಹಾಕಾ ರಾಜ್ಯದ ಮಿಸ್ತೆಕ, ಸಪೊತೆಕ ಜನರೂ ಬಹಳ ಮಂದಿ. ಕ್ಯಾಲಿಫೋರ್ನಿಯದ ಹೊಲಗಳಲ್ಲಿ ದುಡಿಯುವ ಇವರಲ್ಲಿ ಎಷ್ಟೋ ಮಂದಿಗೆ ಸ್ಪ್ಯಾನಿಷ್ ಕೂಡ ಕಲಿತ ನುಡಿಯೇ. ಮೆಸ್ತಿಸೊ ಮೇಸ್ತ್ರಿಯ ಬಾಯಲ್ಲಿ ಅವರು ಕೇಳುವ ಹೀನಾಯದ ಮಾತು ಸ್ಯಾನ್ ಆಂಟೋನಿಯೊದ ಬಾಲಕನು ಶಾಲೆಯಲ್ಲಿ ಕೇಳಿದ ಮಾತಿನ ಒಡಹುಟ್ಟೇ ಆಗಿದೆ.

ಯೆರೂಸಲೇಮು ಸರಿದಿದೆ

1983ರಲ್ಲಿ ಎಲಿಸೊಂಡೊ ಅವರ ಕಣ್ಣೆದುರಿಗಿದ್ದ ಗಡಿಯು ಒಂದೇ. ಇಂದಿನ ಮೆಕ್ಸಿಕೊ ಜನರನ್ನು ಕಳುಹಿಸುವ ನಾಡು ಮಾತ್ರವಲ್ಲ. ಹಾದುಹೋಗುವ ನಾಡು, ತಡೆಹಿಡಿಯುವ ನಾಡು, ಆಶ್ರಯ ಕೊಡುವ ನಾಡೂ ಆಗಿದೆ. 2023ರಲ್ಲಿ 1,40,000ಕ್ಕೂ ಹೆಚ್ಚು ಮಂದಿ ಅಲ್ಲಿ ಆಶ್ರಯ ಬೇಡಿ ಅರ್ಜಿ ಸಲ್ಲಿಸಿದರು. ಹೈಟಿ, ಹೊಂಡುರಾಸ್‌ಗಳಿಂದ ಬಂದವರು ಅವರಲ್ಲಿ ಬಹುಸಂಖ್ಯರು. 2010ರ ಆಗಸ್ಟಿನಲ್ಲಿ ತಮೌಲಿಪಾಸ್ ರಾಜ್ಯದ ಸ್ಯಾನ್ ಫರ್ನಾಂಡೊ ಎಂಬಲ್ಲಿ 72 ವಲಸಿಗರನ್ನು ಪಾತಕಿಗಳ ಗುಂಪು ಕೊಂದುಹಾಕಿತು. ಎಲಿಸೊಂಡೊ ಬೋಧಿಸಿದ ಪ್ರಧಾನಾಲಯದ ಹೆಸರೂ ಸ್ಯಾನ್ ಫರ್ನಾಂಡೊ ಎಂಬುದನ್ನು ನಾವು ಮರೆಯಲಾರೆವು. 2023ರ ಮಾರ್ಚಿನಲ್ಲಿ ಸಿಯುದಾದ್ ಹುವಾರೆಸ್ ನಗರದ ಸರಕಾರೀ ಬಂಧನಗೃಹದಲ್ಲಿ ಬೆಂಕಿ ಹೊತ್ತಿ 40 ವಲಸಿಗರು ಸತ್ತರು. ಏಳು ವರ್ಷಗಳ ಹಿಂದೆ ಪೋಪ್ ಫ್ರಾನ್ಸಿಸರು ಗಡಿಯ ಅಂಚಿನಲ್ಲಿ ಬಲಿಪೂಜೆಯನ್ನು ಅರ್ಪಿಸಿ ವಲಸಿಗರಿಗಾಗಿ ಮೊರೆಯಿಟ್ಟ ನಗರವೂ ಅದೇ.

ಒಂದು ಗಡಿಯಲ್ಲಿ ಗಲಿಲಾಯದವನಾದವನು ಇನ್ನೊಂದು ಗಡಿಯಲ್ಲಿ ಯೆರೂಸಲೇಮಿನ ಕಾವಲುಗಾರನಾಗಬಲ್ಲನು ಎಂಬುದನ್ನು ಈ ಸಾವುಗಳು ನಮಗೆ ಕಲಿಸುತ್ತವೆ. ಎಲಿಸೊಂಡೊ ಇದನ್ನು ಬರೆಯಲಿಲ್ಲ. ಆದರೆ ಅವರ ಎರಡನೆಯ ತತ್ತ್ವವು ಇದನ್ನು ಕೇಳಲು ನಮಗೆ ಬಾಯಿ ಕೊಡುತ್ತದೆ: ಯೆರೂಸಲೇಮು ಒಂದು ಜನಾಂಗದ ಹೆಸರಲ್ಲ, ನಕ್ಷೆಯ ಮೇಲಿನ ಒಂದು ದಿಕ್ಕೂ ಅಲ್ಲ, ಮನುಷ್ಯನ ಘನತೆಯನ್ನು ಯಾರು ಎಲ್ಲಿ ಕುಗ್ಗಿಸುತ್ತಾರೋ ಅಲ್ಲೆಲ್ಲ ಅದು ಇದೆ.

ಉಳಿಯತಕ್ಕದ್ದು

ಗ್ವಾಡಲೂಪೆಯ ಕುರಿತು ಎಲಿಸೊಂಡೊ ಬರೆದುದನ್ನು ಓದುವಾಗ ನಮ್ಮ ಸಭೆಗಳ ಪರಂಪರೆಯು ಸಂಕೋಚಪಡುವುದು ಸಹಜ. ಸಂಪ್ರದಾಯವು ಆ ದರ್ಶನವನ್ನು 1531ಕ್ಕೆ ಸೇರಿಸುತ್ತದೆ. ನಾವಾಟ್ಲ್ ನುಡಿಯ ಕಥನವು ಅಚ್ಚಾದದ್ದು 1649ರಲ್ಲಿ. ಈ ಅಂತರವನ್ನು ಚರಿತ್ರಕಾರರು ಪ್ರಶ್ನಿಸಿರುವುದೂ ಉಂಟು. ಆದರೂ ಆ ಕಥೆಯ ಚಲನೆಯನ್ನು ಗಮನಿಸಬೇಕು. ದೇವರ ಮಾತು ಬಿಷಪರ ಮನೆಯಿಂದ ಗುಡ್ಡಕ್ಕೆ ಹೋಗದೆ, ಗುಡ್ಡದಿಂದ ಬಿಷಪರ ಮನೆಗೆ ಬರುತ್ತದೆ. ಹುವಾನ್ ದಿಯೆಗೊ ಎಂಬ ಆದಿವಾಸಿಯು ತನ್ನ ನುಡಿಯಲ್ಲಿ ಕೇಳಿದ್ದನ್ನು ಬಲ್ಲವರು ನಂಬಬೇಕಾಗುತ್ತದೆ. ಅವನು ಮೆಸ್ತಿಸೊ ಅಲ್ಲವೆಂಬುದನ್ನೂ ಇಲ್ಲಿ ಸೇರಿಸಬೇಕು. ಬೆರಕೆಯ ಸಿದ್ಧಾಂತವನ್ನು ಅದರ ಪ್ರಿಯವಾದ ಕಥೆಯೇ ತಿದ್ದುತ್ತದೆ.

ವೆರಾಕ್ರೂಸ್ ರಾಜ್ಯದ ಒಂದು ಹಳ್ಳಿಯಲ್ಲಿ ‘ಲಾಸ್ ಪತ್ರೋನಾಸ್’ ಎಂಬ ಹೆಣ್ಣುಮಕ್ಕಳು 1995ರಿಂದ ಅನ್ನ, ಹುರುಳಿ, ನೀರಿನ ಸೀಸೆಗಳನ್ನು ಕಟ್ಟಿ, ಓಡುವ ಸರಕು ರೈಲಿನ ಮೇಲೆ ಕುಳಿತ ಮಧ್ಯ ಅಮೆರಿಕದ ವಲಸಿಗರತ್ತ ಚಾಚುತ್ತಾ ಬಂದಿದ್ದಾರೆ. ರೈಲು ನಿಲ್ಲುವುದಿಲ್ಲ, ಹೆಸರು ಕೇಳಲು, ಕುಲ ವಿಚಾರಿಸಲು ಸಮಯವಿಲ್ಲ. ಶುದ್ಧವೋ ಬೆರಕೆಯೋ ಎಂಬ ಪ್ರಶ್ನೆಯೇ ಅಲ್ಲಿ ಏಳುವುದಿಲ್ಲ. ಎಲಿಸೊಂಡೊ ಅವರ ಮೂರನೆಯ ತತ್ತ್ವಕ್ಕೆ ಇದಕ್ಕಿಂತ ನೇರವಾದ ವ್ಯಾಖ್ಯಾನವನ್ನು ನಾವು ಕಾಣೆವು.

ಆದಕಾರಣ ‘ಗಲಿಲಾಯದ ಪಯಣ’ವನ್ನು ನಮ್ಮ ವಿದ್ಯಾರ್ಥಿಗಳು ಓದಲೇಬೇಕೆಂದು ನಾವು ಬಯಸುತ್ತೇವೆ, ಆದರೆ ಅದರ ಭೂಪಟವನ್ನು ಕೈಬಿಟ್ಟು, ಅದರ ಪಯಣವನ್ನು ಹಿಡಿಯಬೇಕು. ಗಲಿಲಾಯವು ನಮ್ಮದೆಂದು ಸಾರುವ ಬೋಧಕನು ಮರುಕ್ಷಣವೇ ಕೇಳಿಕೊಳ್ಳಬೇಕಾದ ಪ್ರಶ್ನೆಯೊಂದಿದೆ: ನಮ್ಮ ಸಭೆಯ ಬಾಗಿಲಲ್ಲಿ ನಿಂತು, ತನ್ನ ಉಚ್ಚಾರಣೆಯಿಂದಲೇ ಹೊರಗಿನವನೆಂದು ಗುರುತಿಸಲ್ಪಡುತ್ತಿರುವವನು ಯಾರು? ಆ ಪ್ರಶ್ನೆಯನ್ನು ಕೇಳದ ಗಲಿಲಾಯವು ಬೇಗನೆ ಇನ್ನೊಂದು ಯೆರೂಸಲೇಮಾಗುತ್ತದೆ.