ಮೆಟ್ರೋಪಾರ್ಕ್: ಕಾರಿಗೆ ಕಟ್ಟಿದ ರೈಲ್ವೆ ಸ್ಟೇಷನ್

ನ್ಯೂಜೆರ್ಸಿಯ ಎಡಿಸನ್, ಐಸೆಲಿನ್ ಕಡೆ ಮನೆ ಮಾಡಿ ಮ್ಯಾನ್‌ಹಟನ್‌ನಲ್ಲಿ ಕೆಲಸ ಮಾಡುವ ಕನ್ನಡಿಗರಿಗೆ ಮೆಟ್ರೋಪಾರ್ಕ್ ಸ್ಟೇಷನ್ನಿನ ಪರಿಚಯ ಬೇಕಾಗಿಲ್ಲ. ಬೇರೆ ಊರು, ಬೇರೆ ದೇಶಗಳಲ್ಲಿ ಕೂತು ಇದನ್ನ ಓದ್ತಾ ಇರುವವರಿಗೂ ಇಂಥದ್ದೊಂದು ಸ್ಟೇಷನ್ ಗೊತ್ತಿರುತ್ತದೆ: ಹೆದ್ದಾರಿಯ ಪಕ್ಕ, ಊರಿನಿಂದ ಸ್ವಲ್ಪ ದೂರ, ಎದುರಿಗೆ ದೊಡ್ಡ ಪಾರ್ಕಿಂಗ್ ಕಟ್ಟಡ. ಪುಸ್ತಕ, ಸಿನಿಮಾಗಳನ್ನು ವಿಮರ್ಶೆ ಮಾಡುವ ಹಾಗೆ ಇಂಥ ಸ್ಟೇಷನ್ನುಗಳನ್ನೂ ವಿಮರ್ಶೆ ಮಾಡಬೇಕು ಅಂತ ನನಗನ್ನಿಸುತ್ತೆ. ಯಾಕಂದ್ರೆ ಯಾರು ಬರಬೇಕು, ಹೇಗೆ ಬರಬೇಕು, ಯಾರು ಬರದಿದ್ದರೂ ನಡೆಯುತ್ತೆ ಅನ್ನೋದನ್ನ ಕಟ್ಟಡವೇ ತೀರ್ಮಾನ ಮಾಡಿಬಿಟ್ಟಿರುತ್ತದೆ.

ಮೊದಲು ಅದು ಹುಟ್ಟಿದ ಕಾಲ ನೋಡೋಣ. ಮೆಟ್ರೋಪಾರ್ಕ್ ಶುರುವಾದದ್ದು 1971ರ ನವೆಂಬರ್ 14ರಂದು. ಅಮೆರಿಕದ ಪ್ರಯಾಣಿಕ ರೈಲು ಉಸಿರು ಹಿಡಿದುಕೊಂಡಿದ್ದ ದಿನಗಳವು. ಹಿಂದಿನ ವರ್ಷವಷ್ಟೇ ಪೆನ್ ಸೆಂಟ್ರಲ್ ರೈಲ್ವೆ ಕಂಪನಿ ದಿವಾಳಿಯಾಗಿತ್ತು. ಆಮ್‌ಟ್ರಾಕ್ ಹುಟ್ಟಿ ಆರು ತಿಂಗಳು ಕಳೆದಿತ್ತು. ಜನ ಹಳೆಯ ಪೇಟೆಗಳನ್ನು ಬಿಟ್ಟು ಹೆದ್ದಾರಿ ಬದಿಯ ಬಡಾವಣೆಗಳಿಗೆ ಹೋಗಿದ್ದರು. ಹಾಗಾದರೆ ಹೆದ್ದಾರಿ ಮತ್ತು ಹಳಿ ಸೇರುವ ಕಡೆಯೇ ಸ್ಟೇಷನ್ ಕಟ್ಟೋಣ ಅನ್ನೋದು ಆಗಿನ ಲೆಕ್ಕ. ಬಾಸ್ಟನ್ ಹೊರಗೆ ರೂಟ್ 128 ಸ್ಟೇಷನ್ 1953ರಲ್ಲೇ ಹೀಗೆ ಬಂದಿತ್ತು. ವಾಷಿಂಗ್ಟನ್ ಹೊರಗೆ ಕ್ಯಾಪಿಟಲ್ ಬೆಲ್ಟ್‌ವೇ ಸ್ಟೇಷನ್ 1970ರಲ್ಲಿ ಬಂತು. ನ್ಯೂಜೆರ್ಸಿಯಲ್ಲಿ ಗಾರ್ಡನ್ ಸ್ಟೇಟ್ ಪಾರ್ಕ್‌ವೇ ಪಕ್ಕದಲ್ಲಿ ಇದು ಬಂತು. ಹೆಸರಲ್ಲಿ ಪಾರ್ಕ್ ಇದೆ ಅಂತ ಮರ, ಬೆಂಚು, ಹುಲ್ಲು ಹುಡುಕಬೇಡಿ. ಗಾಡಿ ನಿಲ್ಲಿಸುವ ಪಾರ್ಕ್ ಅದು.

ಆ ಕಾಲಕ್ಕೆ ಅದು ಜಾಣತನದ ಕೆಲಸ, ಒಪ್ಪಿಕೊಳ್ಳಲೇಬೇಕು. ಇವತ್ತಿಗೂ ರೈಲಿನ ಮಟ್ಟಿಗೆ ಇದು ಒಳ್ಳೆಯ ಸ್ಟೇಷನ್. ಪ್ಲಾಟ್‌ಫಾರ್ಮು ಬೋಗಿಯ ಬಾಗಿಲಿನ ಎತ್ತರಕ್ಕೇ ಇದೆ. ಸೂಟ್‌ಕೇಸು, ಮಗುವಿನ ಗಾಡಿ, ವೀಲ್‌ಚೇರು ಸಲೀಸಾಗಿ ಒಳಗೆ ಹೋಗುತ್ತವೆ. ನ್ಯೂಜೆರ್ಸಿ ಟ್ರಾನ್ಸಿಟ್ ರೈಲುಗಳ ಜೊತೆ ಆಮ್‌ಟ್ರಾಕ್ ರೈಲುಗಳೂ ನಿಲ್ಲುತ್ತವೆ. ಅಲ್ಲಿಂದ ಕಾರಲ್ಲೇ ಹಾಲಂಡ್ ಟನಲ್ ದಾಟಿ ಹೋಗಬೇಕಾಗಿದ್ದ ಎಷ್ಟೋ ಜನರನ್ನು ಈ ಸ್ಟೇಷನ್ ರಸ್ತೆಯಿಂದ ಇಳಿಸಿದೆ. ನನ್ನ ತಕರಾರು ರೈಲು ಹತ್ತುವ ಮುಂಚಿನ ಒಂದು ಮೈಲಿಯದ್ದು.

ಒಂದು ಸಣ್ಣ ಲೆಕ್ಕ ಹಾಕೋಣ. ಇಲ್ಲಿ ಮೂರು ಸಾವಿರಕ್ಕಿಂತ ಹೆಚ್ಚು ಕಾರು ನಿಲ್ಲಿಸಬಹುದು. ಕೇಳಿದರೆ ಅಬ್ಬಾ ಅನ್ಸುತ್ತೆ. ಆದರೆ ನ್ಯೂಜೆರ್ಸಿ ಟ್ರಾನ್ಸಿಟ್‌ನ ಎರಡಂತಸ್ತಿನ ಒಂದು ಬೋಗಿಯಲ್ಲಿ ಸುಮಾರು 130 ಸೀಟು. ಹತ್ತು ಬೋಗಿಯ ಒಂದು ರೈಲಿಗೆ 1,300. ಒಂದು ಕಾರಿಗೆ ಒಬ್ಬರು ಅಂದ್ರೆ, ಪಾರ್ಕಿಂಗ್ ಪೂರ್ತಿ ತುಂಬಿದರೂ ಅದರಿಂದ ತುಂಬೋದು ಎರಡೂವರೆ ರೈಲು. ಬೆಳಗ್ಗೆ ಏಳಕ್ಕೆ ನಿಲ್ಲಿಸಿದ ಕಾರು ಸಂಜೆ ಆರರವರೆಗೆ ಕದಲುವುದಿಲ್ಲ, ಆದ್ದರಿಂದ ಆ ಜಾಗ ದಿನಕ್ಕೆ ಒಬ್ಬರಿಗೆ ಮಾತ್ರ. ಅದೇ ಬಾಗಿಲ ಮುಂದೆ ಬಂದು ನಿಂತ ಬಸ್ಸು ನಲವತ್ತು ಜನರನ್ನು ಇಳಿಸಿ ಎರಡೇ ನಿಮಿಷದಲ್ಲಿ ಜಾಗ ಖಾಲಿ ಮಾಡುತ್ತೆ.

ಈಗ ನೆಲದ ಲೆಕ್ಕ. ಪಾರ್ಕಿಂಗ್ ಕಟ್ಟಡದಲ್ಲಿ ಓಡಾಡುವ ದಾರಿ, ರ‍್ಯಾಂಪು ಎಲ್ಲಾ ಸೇರಿ ಒಂದು ಕಾರಿಗೆ ಹೆಚ್ಚುಕಮ್ಮಿ 300ರಿಂದ 350 ಚದರಡಿ ಬೇಕು. ಮೂರು ಕಾರು ನಿಲ್ಲುವ ಜಾಗದಲ್ಲಿ ಎರಡು ಬೆಡ್‌ರೂಮಿನ ಒಂದು ಅಪಾರ್ಟ್‌ಮೆಂಟ್ ಆಗುತ್ತೆ. ರೈಲಿಗೆ ಅತಿ ಹತ್ತಿರದ, ಅತಿ ಬೆಲೆಯ ನೆಲವನ್ನು ಹನ್ನೊಂದು ಗಂಟೆ ಖಾಲಿ ಕಾರುಗಳಿಗೆ ಕೊಟ್ಟು, ಜನರನ್ನು ದೂರ ಇಟ್ಟಿದ್ದೇವೆ. ಪಾರ್ಕಿಂಗ್ ಬಗ್ಗೆ ಜೀವನವಿಡೀ ಬರೆದ ಡೊನಾಲ್ಡ್ ಶೂಪ್ 2005ರ ಪುಸ್ತಕ 'ದಿ ಹೈ ಕಾಸ್ಟ್ ಆಫ್ ಫ್ರೀ ಪಾರ್ಕಿಂಗ್'ನಲ್ಲಿ ಹೇಳಿದ್ದು ಇದನ್ನೇ: ಪಾರ್ಕಿಂಗಿನ ಖರ್ಚು ಮಾಯವಾಗುವುದಿಲ್ಲ, ಗಾಡಿ ನಿಲ್ಲಿಸದವರ ತಲೆಗೂ ಬೀಳುತ್ತದೆ.

ಹಾಗಾದರೆ ಗಾಡಿ ನಿಲ್ಲಿಸದವರು ಯಾರು? ನಮ್ಮ ಮನೆಗಳಲ್ಲೇ ಇದ್ದಾರೆ. ಆರು ತಿಂಗಳಿಗೆ ಅಂತ ಬಂದ ಅಪ್ಪ ಅಮ್ಮ. ಇರುವ ಒಂದೇ ಕಾರನ್ನು ಗಂಡ ಬೆಳಗ್ಗೆ ಸ್ಟೇಷನ್ನಿನಲ್ಲಿ ನಿಲ್ಲಿಸಿ ಹೋದ ಮೇಲೆ ಮನೆಯಲ್ಲಿ ಉಳಿದ ಹೆಂಡತಿ. ಹದಿನೇಳು ತುಂಬದ, ಇನ್ನೂ ಒಬ್ಬರೇ ಗಾಡಿ ಓಡಿಸುವಂತಿಲ್ಲದ ಮಕ್ಕಳು. ಓಕ್ ಟ್ರೀ ರೋಡಿನ ಅಂಗಡಿ, ಹೋಟೆಲುಗಳಲ್ಲಿ ಕೆಲಸ ಮಾಡುವ, ಕಾರು ಕೊಳ್ಳಲಾಗದವರು. ದೋಸೆ, ಸೀರೆ, ಚಿನ್ನ ಎಲ್ಲಾ ಸಿಗುವ ಆ ರಸ್ತೆ ಇರೋದು ಸ್ಟೇಷನ್ನಿನಿಂದ ಒಂದು ಮೈಲಿ ಆಸುಪಾಸಿನಲ್ಲಿ. ಬೆಂಗಳೂರಿನಲ್ಲಾದರೆ ಅಷ್ಟು ದೂರವನ್ನು ಅಮ್ಮ ತರಕಾರಿ ಚೀಲ ಹಿಡಿದು ನಡೆದುಬಿಡುತ್ತಿದ್ದರು. ಇಲ್ಲಿ ಅವರೇ 'ಯಾರಾದ್ರೂ ಬಿಟ್ಟು ಬರ್ತೀರಾ' ಅಂತ ಮಕ್ಕಳ ಮುಖ ನೋಡಬೇಕು. ಕೆಲವು ಬಸ್ಸುಗಳು ಬರುತ್ತವೆ ನಿಜ, ಆದರೆ ರೈಲು ಬಂದಷ್ಟು ಸಲ ಬರುವುದಿಲ್ಲ.

ದತ್ತಾಂಶದ ಕೆಲಸ ಮಾಡುವವಳಾಗಿ ನನ್ನನ್ನು ಹೆಚ್ಚು ಕಾಡೋದು ಈ ಜನ ಯಾವ ಲೆಕ್ಕದಲ್ಲೂ ಸಿಗೋದಿಲ್ಲ ಅನ್ನೋದು. ಪ್ಲಾಟ್‌ಫಾರ್ಮಿನಲ್ಲಿ ನಿಂತವರನ್ನು 'ಹೇಗೆ ಬಂದಿರಿ' ಅಂತ ಕೇಳಿದರೆ ಹೆಚ್ಚಿನವರು ಕಾರು ಅಂತಾರೆ. 'ಏನು ಬೇಕು' ಅಂದ್ರೆ ಇನ್ನಷ್ಟು ಪಾರ್ಕಿಂಗ್ ಅಂತಾರೆ. ಬರಲಾಗದೆ ಮನೆಯಲ್ಲಿ ಉಳಿದವರನ್ನು ಯಾರೂ ಕೇಳಿಲ್ಲ. ಕಾರಿದ್ದವರಿಗೆ ಮಾತ್ರ ಬಾಗಿಲು ತೆರೆದು, ಒಳಗೆ ಬಂದವರೆಲ್ಲ ಕಾರಿನವರೇ ನೋಡಿ ಅಂದ್ರೆ, ಅದು ಪುರಾವೆ ಅಲ್ಲ. ಪಾರ್ಕಿಂಗ್ ತುಂಬಿದೆ ಅನ್ನೋದು ಪಾರ್ಕಿಂಗಿನ ಯಶಸ್ಸನ್ನು ಅಳೆಯುತ್ತೆ, ಸ್ಟೇಷನ್ನಿನದ್ದನ್ನಲ್ಲ. ಕೋವಿಡ್ ಆದಮೇಲೆ ವಾರಕ್ಕೆ ಐದು ದಿನ ಆಫೀಸಿಗೆ ಹೋಗುವವರು ಕಡಿಮೆಯಾದಾಗ ಇದು ಇನ್ನೂ ಸ್ಪಷ್ಟವಾಯಿತು. ಒಂದೇ ಥರದ ಪ್ರಯಾಣಿಕರನ್ನು ನಂಬಿದ ಸ್ಟೇಷನ್ನಿಗೆ ಆ ಪ್ರಯಾಣಿಕರ ಅಭ್ಯಾಸ ಬದಲಾದರೆ ಆಸರೆಗೆ ಬೇರೆ ಯಾರೂ ಇರುವುದಿಲ್ಲ.

ಸ್ಟೇಷನ್ನಿನ ಪೂರ್ತಿ ಹೆಸರಲ್ಲಿ ಸೆನೆಟರ್ ಹ್ಯಾರಿಸನ್ ವಿಲಿಯಮ್ಸ್ ಇದ್ದಾರೆ. ಆಬ್‌ಸ್ಕ್ಯಾಮ್ ಲಂಚದ ಪ್ರಕರಣದಲ್ಲಿ 1981ರಲ್ಲಿ ಅಪರಾಧಿ ಅಂತ ತೀರ್ಪು ಬಂದವರು ಅಂತ ಅವರ ಹೆಸರಿನ ಬಗ್ಗೆ ಜನ ನಗುತ್ತಾರೆ. ನನಗೆ ವಿಚಿತ್ರ ಅನ್ಸೋದು ಬೇರೆ. ನಗರಗಳ ಬಸ್ಸು, ರೈಲುಗಳಿಗೆ ಕೇಂದ್ರ ಸರ್ಕಾರದ ಹಣ ಸಿಗುವ ಹಾಗೆ ಮಾಡಿದ 1964ರ ಕಾನೂನಿನ ಹಿಂದೆ ನಿಂತವರು ಅವರು. ಅಂಥವರ ಹೆಸರು ಕಾರಿಲ್ಲದೆ ತಲುಪೋದೇ ಕಷ್ಟವಾದ ಜಾಗಕ್ಕೆ ಇದೆ.

ನೀವು ಕೇಳಬಹುದು: ಚದುರಿದ ಮನೆಗಳ ನಾಡಿದು, ಕಾರು ಬಿಟ್ಟರೆ ಗತಿ ಏನು? ಸರಿಯಾದ ಪ್ರಶ್ನೆ, ಉತ್ತರ ಟ್ರೆಂಟನ್ ಕಡೆಗಿನ ಮುಂದಿನ ಸ್ಟೇಷನ್ನಿನಲ್ಲೇ ಇದೆ. ಮೆಟಚನ್‌ನಲ್ಲಿ ರೈಲು ಇಳಿದರೆ ಮೇನ್ ಸ್ಟ್ರೀಟ್ ಅಲ್ಲೇ: ಕಾಫಿ ಅಂಗಡಿ, ನಡೆಯುವ ಜನ. ಸ್ಟೇಷನ್ ಪಕ್ಕದ ಹಳೆಯ ಬಯಲು ಪಾರ್ಕಿಂಗ್ ಜಾಗದಲ್ಲಿ ಅಪಾರ್ಟ್‌ಮೆಂಟು, ಅಂಗಡಿ, ಕೂರುವ ಚೌಕ, ಜೊತೆಗೆ ಪಾರ್ಕಿಂಗ್ ಕಟ್ಟಡ ಎಲ್ಲಾ ಬಂದಿವೆ. ಕಾರಿನವರನ್ನು ಯಾರೂ ಓಡಿಸಿಲ್ಲ. ಕಾರಿಲ್ಲದವರಿಗೂ ಜಾಗ ಸಿಕ್ಕಿದೆ ಅಷ್ಟೇ. ಅದು ಹಳೆಯ ಪೇಟೆ, ಅದಕ್ಕೆ ಅನುಕೂಲವಿತ್ತು ಅನ್ನೋದು ನಿಜ. ಆದರೆ ಮೆಟ್ರೋಪಾರ್ಕ್‌ನ ಸುತ್ತಲೂ ಆಫೀಸು ಕಟ್ಟಡಗಳಿವೆ, ರೈಲಿಳಿದು ಅಲ್ಲಿಗೆ ನಡೆದು ಹೋಗುವವರೂ ಇದ್ದಾರೆ. ನಡೆಯಲು ಹತ್ತಿರದಲ್ಲಿ ಏನಾದರೂ ಇದ್ದರೆ ಜನ ಇಲ್ಲೂ ನಡೀತಾರೆ.

ಇದನ್ನೆಲ್ಲ ಕನ್ನಡದಲ್ಲಿ ಬರೆಯಲು ಒಂದು ಕಾರಣ ಇದೆ. ಬೆಂಗಳೂರಿನಲ್ಲಿ 148 ಕಿಲೋಮೀಟರಿನ ಉಪನಗರ ರೈಲಿಗೆ 2022ರಲ್ಲಿ ಶಂಕುಸ್ಥಾಪನೆ ಆಯಿತು. ಮೆಟ್ರೋ ಮಾತು ಬಂದಾಗಲೆಲ್ಲ 'ಸ್ಟೇಷನ್ನಲ್ಲಿ ಪಾರ್ಕಿಂಗೇ ಇಲ್ಲ' ಅನ್ನೋ ದೂರು ಕೇಳುತ್ತೇವೆ, ಅಮೆರಿಕದ ಉದಾಹರಣೆ ಕೊಡೋದು ನಾವೇ. ಆ ಉದಾಹರಣೆಯ ಬೆಲೆ ಎಷ್ಟು ಅಂತಲೂ ನಾವೇ ಹೇಳಬೇಕು. ಅಲ್ಲಿ ಇನ್ನೂ ನಡೆಯುವವರಿದ್ದಾರೆ, ಬಿಎಂಟಿಸಿ ಇದೆ, ಆಟೋ ಇದೆ. ಬಾಗಿಲ ಮುಂದಿನ ಜಾಗ ಮೊದಲು ಕಾಲುದಾರಿಗೆ, ಆಮೇಲೆ ಬಸ್ಸಿಗೆ, ಆಮೇಲೆ ಆಟೋ-ಸೈಕಲ್ಲಿಗೆ ಸಿಗಲಿ. ಉಳಿದದ್ದರಲ್ಲಿ ಕಾರು ನಿಲ್ಲಲಿ, ಅದಕ್ಕೆ ಸರಿಯಾದ ದುಡ್ಡು ಕೊಟ್ಟು. ಮುಂದಿನ ಸಲ ಊರಿಗೆ ಫೋನ್ ಮಾಡಿದಾಗ ಅಣ್ಣನೋ ಭಾವನೋ ಪಾರ್ಕಿಂಗ್ ಬೇಕು ಅಂದ್ರೆ, ಅತ್ತೆ ಸ್ಟೇಷನ್ನಿಗೆ ಹೇಗೆ ಹೋಗ್ತಾರೆ ಅಂತ ಒಮ್ಮೆ ಕೇಳಿ ನೋಡಿ.