ಅಸ್ಕೋನಾ ಚಿತ್ರ ನೋಡುವ ಬಗೆ

ಸಿನಿಮಾ ಅಂದರೆ ನಿರ್ದೇಶಕನ ಹೆಸರು ಹಿಡಿದು ಹೊರಡುವುದೇ ನಮಗೆಲ್ಲ ರೂಢಿ. ಸ್ಪೇನಿನ ಚಿತ್ರಗಳಿಗೆ ಹೊಸಬರಾದರೆ ಅದನ್ನು ಬಿಟ್ಟು ಚಿತ್ರಕಥೆಗಾರ ರಫಾಯೆಲ್ ಅಸ್ಕೋನಾನ (1926–2008) ಬೆನ್ನು ಹತ್ತಿ. ಹಾಸ್ಯಪತ್ರಿಕೆಗೆ ಬರೆದುಕೊಂಡಿದ್ದ ಈತ ಸಿನಿಮಾಕ್ಕೆ ಬಂದದ್ದು ಫ್ರಾಂಕೊನ ಸರ್ವಾಧಿಕಾರದಲ್ಲಿ. ಆಳುವವರ ವಿರುದ್ಧ ತುಟಿ ಬಿಚ್ಚುವಂತಿರಲಿಲ್ಲ. ಹಾಗಾಗಿ ಬಾಡಿಗೆ ಮನೆಯ ಬಗ್ಗೆ, ಸಾಲದ ಕಂತಿನ ಬಗ್ಗೆ ಬರೆದ.

ಪಾತ್ರಕ್ಕೆ ಏನು ಬೇಕಾಗಿದೆ ಎಂಬುದನ್ನು ಮೊದಲು ನೋಡಿ. ‘ಎಲ್ ಪಿಸೀತೊ’ದಲ್ಲಿ ಮನೆಯಿಲ್ಲದೆ ಮದುವೆ ಮುಂದೂಡುತ್ತ ಬಂದವನೊಬ್ಬ, ಬಾಡಿಗೆ ಹಕ್ಕು ತನಗೆ ಬರಲೆಂದು ಮುದುಕಿಯನ್ನೇ ಕಟ್ಟಿಕೊಳ್ಳುತ್ತಾನೆ. ‘ಪ್ಲಾಸಿದೊ’ (1961) ಚಿತ್ರದಲ್ಲಿ ಊರಿನ ಅನುಕೂಲಸ್ಥರು ಕ್ರಿಸ್‌ಮಸ್ ಹಿಂದಿನ ರಾತ್ರಿ ಬಡವರನ್ನು ಊಟಕ್ಕೆ ಕೂರಿಸಿ ಪುಣ್ಯ ಕಟ್ಟಿಕೊಳ್ಳುತ್ತಿದ್ದರೆ, ನಾಯಕ ತನ್ನ ಮೂರು ಗಾಲಿ ಗಾಡಿಯ ಕಂತು ಕಟ್ಟಲು ಒದ್ದಾಡುತ್ತಾನೆ. ಎಲ್ಲರೂ ಒಟ್ಟಿಗೇ ಮಾತಾಡುತ್ತಾರೆ, ಕೇಳಿಸಿಕೊಳ್ಳುವವರಿಲ್ಲ. ಸಬ್‌ಟೈಟಲ್ ಕೈಗೆ ಸಿಗದೆ ಓಡುತ್ತದೆ. ಓಡಲಿ ಬಿಡಿ, ಆ ಗದ್ದಲವನ್ನೇ ಆತ ಬರೆದಿರುವುದು.

ಒಂದೇ ಚಿತ್ರಕ್ಕೆ ಬಿಡುವಿದ್ದರೆ ‘ಎಲ್ ವೆರ್ದೂಗೊ’ (1963) ನೋಡಿ. ‘ಪ್ಲಾಸಿದೊ’ದಂತೆ ಇದನ್ನೂ ನಿರ್ದೇಶಿಸಿದ್ದು ಬರ್ಲಾಂಗಾ. ಹೆಣ ಸಾಗಿಸುವ ಕೆಲಸದ ಹೊಸೆ ಲೂಯಿಸ್, ಮರಣದಂಡನೆ ಜಾರಿ ಮಾಡುವವನ ಅಳಿಯನಾಗುತ್ತಾನೆ. ಸರ್ಕಾರಿ ಮನೆ ಕೈತಪ್ಪಬಾರದೆಂದು ಮಾವನ ಹುದ್ದೆಗೆ ಅರ್ಜಿ ಹಾಕುತ್ತಾನೆ. ಕೊಲ್ಲುವ ಸರದಿ ಬರಲಿಕ್ಕಿಲ್ಲವೆಂಬ ಧೈರ್ಯ. ಬಂದೇ ಬಿಡುತ್ತದೆ. ಜೈಲಿನ ಬೋಳು ಬಿಳಿ ಹಜಾರದಲ್ಲಿ ಸಾಯಬೇಕಾದವನು ಮುಂದೆ ನಡೆಯುತ್ತಾನೆ. ಹಿಂದೆ, ಕೊಲ್ಲಬೇಕಾದವನನ್ನು ಕಾವಲುಗಾರರು ದರದರ ಎಳೆದೊಯ್ಯುತ್ತಾರೆ. ಕ್ಯಾಮೆರಾ ಎತ್ತರದಲ್ಲಿ, ದೂರದಲ್ಲಿ. ಯಾರ ಮುಖವೂ ಸರಿಯಾಗಿ ಕಾಣದು. ಅದೇ ವರ್ಷ ಫ್ರಾಂಕೊ ಸರ್ಕಾರ ತನ್ನ ವಿರೋಧಿಗಳನ್ನು ಕೊಂದಿತ್ತು. ಚಿತ್ರ ವೆನಿಸ್ ಉತ್ಸವಕ್ಕೆ ಹೋದಾಗ ಸ್ಪೇನಿನ ರಾಯಭಾರಿ ಕೆಂಡಾಮಂಡಲವಾದದ್ದರಲ್ಲಿ ಆಶ್ಚರ್ಯವಿಲ್ಲ.

1975ರಲ್ಲಿ ಫ್ರಾಂಕೊ ಸತ್ತ. ಮೂರೇ ವರ್ಷಕ್ಕೆ, ‘ಲಾ ಎಸ್ಕೊಪೇತಾ ನಾಸಿಯೊನಾಲ್’ ಚಿತ್ರದಲ್ಲಿ ಸರ್ವಾಧಿಕಾರದ ಮಂತ್ರಿಗಳೇ ತೆರೆಯ ಮೇಲೆ ನಗೆಪಾಟಲಾಗುತ್ತಾರೆ: ಇಂಟರ್‌ಕಾಮ್ ಮಾರುವ ವ್ಯಾಪಾರಿಯೊಬ್ಬ ಅವರ ಕೃಪೆಗಾಗಿ ಬೇಟೆಯ ಖರ್ಚೆಲ್ಲ ಹೊರುತ್ತಾನೆ, ಅಷ್ಟರಲ್ಲಿ ಸಂಪುಟವೇ ಬದಲಾಗುತ್ತದೆ.

ಆಸ್ಕರ್ ಪಡೆದ ‘ಬೆಲ್ ಎಪೋಕ್’ (1992) 1931ರ ಗಣರಾಜ್ಯದ ಹೊಸ್ತಿಲಿಗೆ ಹಿಂದಿರುಗುತ್ತದೆ. ಎಲ್ಲರಿಗೂ ಇಷ್ಟ, ನನಗೆ ಸಿಹಿ ಕೊಂಚ ಜಾಸ್ತಿಯಾಯಿತು. ಅದಕ್ಕಿಂತ ‘ಲಾ ಲೆಂಗುವಾ ದೆ ಲಾಸ್ ಮಾರಿಪೋಸಾಸ್’ (1999) ಮೇಲು. 1936ರಲ್ಲಿ ಗಣರಾಜ್ಯದ ವಿರುದ್ಧ ದಂಗೆಯೆದ್ದವರು ಹಳ್ಳಿಯ ಮೇಷ್ಟ್ರನ್ನು ಲಾರಿಗೆ ಹತ್ತಿಸುವಾಗ, ಅವರ ಅಚ್ಚುಮೆಚ್ಚಿನ ಹುಡುಗನಿಗೆ ಬೈಯಲು ಹೇಳುವವಳು ತಾಯಿಯೇ. ಗಂಡ ಗಣರಾಜ್ಯದ ಪರ, ಅವನು ಉಳಿಯಬೇಕಲ್ಲ! ‘ವೆರ್ದೂಗೊ’ ಆದ ಮೇಲೆ ಇದನ್ನು ನೋಡಿದರೆ, ಹೊಸೆ ಲೂಯಿಸ್ ತನ್ನವರಿಗಾಗಿ ಕೊನೆಗೂ ಅರ್ಜಿ ಹಾಕಿದ್ದೇಕೆಂದು ಗೊತ್ತಾಗುತ್ತದೆ.